ಶೇರಾ ಕಾಲಮಿನ ಬೊಗಸಿ

ನಮ್ಮ ಶಾಲೆಯ ಸುವರ್ಣ ಮಹೋತ್ಸವದ ಪುಸ್ತಕದಲ್ಲಿ ಒಂದು ಸುಳ್ಳಿದೆ. ಇಪ್ಪತ್ತೊಂದನೆಯ ಪುಟ, ಮೇಲಿನಿಂದ ಎರಡನೆಯ ಪ್ಯಾರಾ. ಬರೆದವಳು ನಾನು. ಬರೆಯುವಾಗ ಅದು ಸುಳ್ಳೆಂದು ನನಗೆ ಗೊತ್ತಿರಲಿಲ್ಲ. ಗೊತ್ತಾದ ಮೇಲೆ ತೆಗೆಸಲಿಲ್ಲ.

ಎಪ್ಪತ್ತರ ದಶಕದ ನಡುವಿನ ಮಾತು. ನಾನು ಆಗ ರಾಮದುರ್ಗದ ಆ ಶಾಲೆಯಲ್ಲಿ ಕನ್ನಡ ಕಲಿಸುತ್ತಿದ್ದೆ. ಸಂಸ್ಥಾನದ ಕಾಲದಲ್ಲಿ ಅದನ್ನು ಹುಟ್ಟುಹಾಕಿದ್ದು ಧರ್ಮ ಸುಧಾರಣೆಯ ಒಂದು ಸಮಾಜ. ಮೂರ್ತಿ ಬೇಡ, ಮಡಿ ಬೇಡ, ಜಾತಿ ಬೇಡ, ದೇವರೊಬ್ಬ ಇದ್ದರೆ ಸಾಕು ಎನ್ನುತ್ತಿದ್ದ ಜನ. ಅದಕ್ಕೊಂದು ಉದ್ದನೆಯ ಹೆಸರಿತ್ತು. ಊರಿನವರು ಅಷ್ಟುದ್ದ ಹೇಳುವ ಗೋಜಿಗೆ ಹೋಗದೆ ಬರೀ ‘ಸಮಾಜ’ ಎನ್ನುತ್ತಿದ್ದರು. ಶಾಲೆಗೆ ಮಾತ್ರ ಊರೇ ಒಂದು ಹೆಸರಿಟ್ಟಿತ್ತು: ಮಾನವ ಸಾಲಿ. ದಾಖಲಾತಿ ರಜಿಸ್ಟರಿನ ಜಾತಿಯ ಕಾಲಮಿನಲ್ಲಿ ಪ್ರತಿ ಮಗುವಿನ ಮುಂದೆಯೂ ‘ಮಾನವ’ ಎಂದು ಬರೆಯುತ್ತಿದ್ದರಿಂದ ಬಂದ ಹೆಸರು. “ನೀವಷ್ಟ ಮಾನವರು, ನಾವೇನ್ ದನಾ ಏನು?” ಎಂದು ಬೇರೆ ಶಾಲೆಯ ಮಕ್ಕಳು ಕಾಡಿಸುತ್ತಿದ್ದರು. ನಾನೂ ಅಲ್ಲಿಯೇ ಕಲಿತವಳು. ಆ ಮಾತಿಗೆ ಎಷ್ಟೋ ಸಲ ಜಡೆ ಹಿಡಿದು ಜಗಳವಾಡಿದ್ದೇನೆ.

ಮೊದಲ ‘ಮಾನವ’ ಬರೆದವರು ನಮ್ಮ ಅಜ್ಜ, ಅವ್ವನ ಅಪ್ಪ. ತಲೆತಲಾಂತರದ ಪೌರೋಹಿತ್ಯದ ಮನೆ. ಹೊಳೆಯ ದಂಡೆಯಲ್ಲಿ ತರ್ಪಣ ಬಿಡಿಸುತ್ತ, ಪಂಚಾಂಗ ಓದುತ್ತ, ಶ್ರಾದ್ಧದ ಊಟ ಉಂಡು ಬರುತ್ತ ಕಾಲ ಕಳೆಯಬೇಕಾಗಿದ್ದವರು ಸಮಾಜದವರ ಭಾಷಣ ಕೇಳಿ ಶಾಲೆಯ ಮಾಸ್ತರರಾದರು. ಅವರ ಜಾತಿಯವರು ಬಹಿಷ್ಕಾರ ಹಾಕಿದರು. ನಮ್ಮ ಅವ್ವನ ಮದುವೆಯಲ್ಲಿ ನೂರು ಮಂದಿಗೆಂದು ಮಾಡಿದ ಅಡಿಗೆಯನ್ನು ಉಂಡವರು ಹನ್ನೊಂದು ಮಂದಿಯಂತೆ. ಅಜ್ಜಿ ಆ ಮಾತು ತೆಗೆದಾಗಲೆಲ್ಲ, ಮುಪ್ಪಿನಲ್ಲಿಯೂ, ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದಳು. ನಮ್ಮ ಅಜ್ಜ ಪುಕ್ಕಲರಾಗಿರಲಿಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ಮುಂದಿನದನ್ನು ಓದುವಾಗ ಇದು ನೆನಪಿರಲಿ.

ಅಜ್ಜನಿಗೊಂದು ವಿಚಿತ್ರ ರೂಢಿಯಿತ್ತು. ತಂಬಿಗೆ ಮುಟ್ಟುತ್ತಿರಲಿಲ್ಲ. ಊಟವಾದ ಮೇಲೆ ಹಿತ್ತಲ ಕಟ್ಟೆಗೆ ಬಂದು, ಬಗ್ಗಿ, ಎರಡೂ ಕೈ ಜೋಡಿಸಿ ಬೊಗಸೆ ಒಡ್ಡುತ್ತಿದ್ದರು. ನೀರು ಹಾಕುವ ಕೆಲಸ ನನ್ನದು. ಧಾರೆ ದಪ್ಪವಾದರೆ ಮೊಳಕೈವರೆಗೆ ತೋಯುತ್ತಿದ್ದರು, ಸಣ್ಣದಾದರೆ ಕತ್ತೆತ್ತಿ ನೋಡುತ್ತಿದ್ದರು. ಅಳತೆ ತಪ್ಪದಂತೆ ಹಾಕುವುದನ್ನು ನಾನು ಆರನೆಯ ವಯಸ್ಸಿಗೆ ಕಲಿತೆ. “ಮನ್ಯಾಗ ತಂಬಿಗಿಗೆ ಬರಾ ಬಂದದೇನು?” ಎಂದು ಅಜ್ಜಿ ಗೊಣಗಿದರೆ, “ಇದು ದೇವರು ಕೊಟ್ಟ ಭಾಂಡಿ, ತಿಕ್ಕೂ ಕೆಲಸಿಲ್ಲ” ಎಂದು ನಗುತ್ತಿದ್ದರು. ಏನೋ ವ್ರತವಿರಬೇಕೆಂದು ನಾವೆಲ್ಲ ಸುಮ್ಮನಿದ್ದೆವು. ನನಗೆ ಅವರ ನೆನಪೆಂದರೆ ಇವತ್ತಿಗೂ ಆ ತೊಯ್ದ ಕೈಗಳು. ನನ್ನ ಹನ್ನೆರಡನೆಯ ವಯಸ್ಸಿನಲ್ಲಿ ತೀರಿಕೊಂಡರು.

ಶಾಲೆಗೆ ಐವತ್ತು ತುಂಬುವ ವರ್ಷ ನಮ್ಮ ಹೆಡ್‌ಮಾಸ್ತರರು ನನ್ನನ್ನು ಕರೆದು, “ಅಕ್ಕಾರ, ಪುಸ್ತಕಕ್ಕ ಸಾಲಿ ಇತಿಹಾಸ ನೀವ ಬರೀರಿ. ಮಾಸ್ತರ ಮೊಮ್ಮಗಳು ಬರದ್ರ ಅದಕ್ಕೊಂದ ತೂಕ” ಎಂದರು. ಹೆಡ್‌ಮಾಸ್ತರರೂ ಅದೇ ಶಾಲೆಯಲ್ಲಿ, ಅಜ್ಜನ ಕೈಯಲ್ಲೇ ಕಲಿತವರು. ನಾನು ಉಬ್ಬಿಹೋದೆ. ಹೊಗಳಿದರೆ ನಾನು ಮೊದಲಿನಿಂದಲೂ ಉಬ್ಬುವವಳೇ.

ಕಪಾಟಿನ ತಳದಿಂದ ಮೊದಲನೆಯ ರಜಿಸ್ಟರು ತೆಗೆಸಿದೆ. ಶಾಲೆ ಶುರುವಾದದ್ದು ನೇಕಾರರೊಬ್ಬರು ಬಿಟ್ಟುಹೋದ ಮಗ್ಗದ ಮನೆಯಲ್ಲಿ. ನೆಲದಲ್ಲಿ ಮಗ್ಗದ ಕುಣಿಗಳು ಹಾಗೆಯೇ ಇದ್ದವು. ನೇಕಾರರು ಕಾಲು ಇಳಿಬಿಟ್ಟು ಕೂತ ಕುಣಿಗಳಲ್ಲಿ ಮಕ್ಕಳು ಕಾಲು ಇಳಿಬಿಟ್ಟು ಕೂತು ಕಲಿತರು. ಇದೆಲ್ಲ ಕೇಳಿದ್ದು ನೆನಪಿತ್ತು, ಬರೆದೆ. ರಜಿಸ್ಟರಿನಲ್ಲಿ ಅಜ್ಜನ ದುಂಡನೆಯ ಅಕ್ಷರ. ಜಾತಿಯ ಕಾಲಮಿನಲ್ಲಿ ಮೊದಲ ಹೆಸರಿಗೆ ‘ಮಾನವ’, ಅದರ ಕೆಳಗೆಲ್ಲ ‘ಸದರ’, ‘ಸದರ’, ‘ಸದರ’. ಮೇಲಿನದೇ ಇಲ್ಲಿಯೂ ಎನ್ನಲು ಕಚೇರಿಯವರು ಬರೆಯುವ ಮಾತು ಅದು. ಪುಟವಿಡೀ ಆ ಒಂದೇ ಮಾತು ಇಳಿದು ಬಂದದ್ದನ್ನು ನೋಡಿ ನನಗೆ ಅಳು ಬಂತು. ಆ ಕಾಲದಲ್ಲಿ, ಆ ಊರಿನಲ್ಲಿ, ಅಂಥ ಮನೆಯಿಂದ ಬಂದ ಮನುಷ್ಯ!

ಕೊನೆಯ ಕಾಲಮು ಶೇರಾ, ಅಂದರೆ ಮಾಸ್ತರರು ಏನಾದರೂ ಟಿಪ್ಪಣಿ ಬರೆಯಬೇಕಾದರೆ ಇರುವ ಜಾಗ. ‘ಸಾಲಿ ಬಿಟ್ಟ’, ‘ಪ್ಲೇಗಿನ್ಯಾಗ ತೀರಿದ’, ‘ಊರು ಬಿಟ್ಟರು’ ಇಂಥವು. ಕೆಲವು ಹೆಸರುಗಳ ಮುಂದೆ ಅಲ್ಲಿ ಒಂದೇ ಮಾತು: ಬೊಗಸಿ. ಮೊದಲ ಪುಟದಲ್ಲಿ ನಾಲ್ಕು, ಮುಂದಿನದರಲ್ಲಿ ಮೂರು, ಹೀಗೆ. ಎರಡನೆಯ ರಜಿಸ್ಟರಿನಲ್ಲಿ ಆ ಮಾತು ಇಲ್ಲ.

ಏನಿದು? ನಮ್ಮ ಕಡೆ ಎಷ್ಟೋ ಶಾಲೆ, ಬೋರ್ಡಿಂಗುಗಳು ಮುಷ್ಟಿ ಫಂಡಿನ ಮೇಲೆ ನಿಂತವು. ಮನೆಯಾಕೆ ಅಡಿಗೆಗೆ ಜೋಳ ತೆಗೆಯುವಾಗ ಒಂದು ಮುಷ್ಟಿ ಬೇರೆ ಗಡಿಗೆಗೆ ಹಾಕಿಡುವುದು, ವಾರಕ್ಕೊಮ್ಮೆ ಶಾಲೆಯವರು ಬಂದು ಒಯ್ಯುವುದು. ನನಗೆ ತಟ್ಟನೆ ಹೊಳೆಯಿತು: ಇವು ಕಾಳು ಕೊಟ್ಟ ಮನೆಗಳು! ಉಳಿದವರು ಮುಷ್ಟಿ ಕೊಟ್ಟರೆ ಇವರು ಬೊಗಸೆ ಕೊಟ್ಟವರು. ಹೆಸರು ನೋಡಿದರೆ ಒಂದೂ ಉಳ್ಳವರ ಮನೆಯದಲ್ಲ. ಕಣ್ಣು ಮತ್ತೆ ತೇವವಾಯಿತು. ಕೂತಲ್ಲಿಯೇ ಬರೆದೆ: ‘ಇದ್ದವರು ಮುಷ್ಟಿ ಕೊಟ್ಟರು, ಇಲ್ಲದವರು ಬೊಗಸೆ ಕೊಟ್ಟರು.’ ಬರೆದು ಮೂರು ಸಲ ಓದಿಕೊಂಡೆ. ನನ್ನ ಜೀವಮಾನದಲ್ಲಿ ಇದಕ್ಕಿಂತ ಚೆಂದದ ವಾಕ್ಯ ಬರೆದಿಲ್ಲ ಎನಿಸಿತು. ಹೆಡ್‌ಮಾಸ್ತರರು ಓದಿ, ಕನ್ನಡಕ ತೆಗೆದು, ತುಸು ಹೊತ್ತು ಸುಮ್ಮನಿದ್ದು, “ಛಲೋ ಬರದೀರಿ” ಎಂದರು. ಆ ತುಸು ಹೊತ್ತಿನ ಮೌನವನ್ನು ನಾನು ಮೆಚ್ಚುಗೆ ಎಂದುಕೊಂಡೆ.

ಪುಸ್ತಕ ಬೈಲಹೊಂಗಲದ ಒಂದು ಪ್ರೆಸ್ಸಿನಲ್ಲಿ ಅಚ್ಚಾಗುತ್ತಿತ್ತು. ಪ್ರೂಫು ಬಸ್ಸಿನ ಕಂಡಕ್ಟರರ ಕೈಯಲ್ಲಿ ಬರುತ್ತಿತ್ತು. ಒಂದು ಮಂಗಳವಾರ ಶಾಲೆ ಬಿಟ್ಟ ಮೇಲೆ ನಾನು ಕೋಣೆಯಲ್ಲಿ ಕೂತು ಪ್ರೂಫು ನೋಡುತ್ತಿರುವಾಗ ಬಾಗಿಲಲ್ಲಿ ಇಬ್ಬರು ಬಂದು ನಿಂತರು. ಒಬ್ಬಳು ನನ್ನ ಹಳೆಯ ವಿದ್ಯಾರ್ಥಿನಿ. ಅದೇ ವರ್ಷ ಎಸ್ಸೆಸ್ಸೆಲ್ಸಿ ಪಾಸಾದವಳು. ಆಗ ಹರಿಜನ ಕೇರಿ ಎನ್ನುತ್ತಿದ್ದ ಓಣಿಯಿಂದ ಅಷ್ಟು ಓದಿದ ಮೊದಲ ಹುಡುಗಿ. ನಾನು ಬೋರ್ಡಿನ ಮೇಲೆ ಒತ್ತಕ್ಷರ ತಪ್ಪಿದರೆ ಇಡೀ ವರ್ಗದಲ್ಲಿ ಎದ್ದು ಹೇಳುವವಳು ಅವಳೊಬ್ಬಳೇ. ಇನ್ನೊಬ್ಬರು ಅವಳ ಅತ್ತೆ, ಅಪ್ಪನ ಅಕ್ಕ. ಅರವತ್ತರ ಹತ್ತಿರದ ಹೆಂಗಸು, ಸರ್ಕಾರಿ ದವಾಖಾನೆಯಲ್ಲಿ ಆಯಾ ಕೆಲಸ ಮಾಡಿ ನಿವೃತ್ತರಾದವರು. ಹುಡುಗಿಯ ಅಪ್ಪ ತೀರಿಹೋಗಿ ನಾಲ್ಕು ವರ್ಷವಾಗಿತ್ತು, ಅವಳನ್ನು ಓದಿಸಿದ್ದು ಈ ಅತ್ತೆ.

“ಬರ್ರಿ, ಕೂಡ್ರಿ,” ಎಂದೆ.

ಅತ್ತೆ ಕೂಡಲಿಲ್ಲ. “ಅಕ್ಕಾರ, ಹುಡಿಗಿಗೆ ಧಾರವಾಡದಾಗ ಮಾಸ್ತರಕಿ ಟ್ರೇನಿಂಗಿಗೆ ಕರದಾರ. ನಮ್ಮವರಿಗಂತ ಇಟ್ಟ ಸೀಟ ಐತಿ. ಜಾತಿ ಸರ್ಟಿಫಿಕೇಟ್ ಬೇಕು. ಸೋಮವಾರ ತೋರಿಸ್ಬೇಕು. ಮಾಮಲೇದಾರ ಕಚೇರಿಗೆ ಹ್ವಾದ್ರ, ಮಾನವ ಅನ್ನೂ ಜಾತಿ ಅವರ ಪಟ್ಟ್ಯಾಗ ಇಲ್ಲಂತ.”

ನನಗೆ ನಗು ಬಂತು, ಮರುಕ್ಷಣವೇ ನಾಚಿಕೆಯಾಯಿತು. ಹುಡುಗಿಯ ದಾಖಲೆಯಲ್ಲಿ ‘ಮಾನವ’. ಅವಳ ಅಪ್ಪನದರಲ್ಲಿಯೂ ‘ಮಾನವ’. ಹೊಲ ಮನೆ ಇಲ್ಲದವರು, ಭೂಮಿಯ ಕಾಗದದಲ್ಲಿ ಹೆಸರಿಲ್ಲ. ಸಂಸ್ಥಾನದ ಹಳೆಯ ದಫ್ತರಗಳು ವಿಲೀನದ ಗಲಾಟೆಯಲ್ಲಿ ಎಲ್ಲಿ ಹೋದವೋ ದೇವರಿಗೇ ಗೊತ್ತು. ಹೋದ ವರ್ಷ ಯಾರೋ ಖೊಟ್ಟಿ ಕಾಗದ ಕೊಟ್ಟು ಸೀಟು ಹೊಡೆದಿದ್ದರಿಂದ ಕಚೇರಿಯವರು ಬಿಗಿಯಾಗಿದ್ದರು. ಹಳೆಯ ಶಾಲಾ ದಾಖಲೆಯ ಉತಾರ, ಅಂದರೆ ಸಹಿ ಮಾಡಿದ ನಕಲು, ತನ್ನಿ, ಅದರಲ್ಲಿ ಏನಾದರೂ ಆಧಾರವಿರಲಿ ಎಂದು ಹೇಳಿ ಕಳಿಸಿದ್ದರು.

“ಸರಕಾರಿ ಸಾಲಿಗೆ ಹ್ವಾದವ್ರಿಗೆಲ್ಲಾ ಜಾತಿ ಐತಿ. ನಿಮ್ಮ ಸಾಲಿಗೆ ಬಂದಾಕಿಗಿ ಅಷ್ಟ ಇಲ್ಲ,” ಎಂದರು ಅತ್ತೆ. ಬೈಗುಳದ ದನಿಯಲ್ಲ. ಪೇಟೆಯಲ್ಲಿ ಇವತ್ತು ಎಣ್ಣೆ ಸಿಗಲಿಲ್ಲ ಎಂದ ಹಾಗೆ ಹೇಳಿದರು.

ನಾನು ರಜಿಸ್ಟರು ತೆಗೆದೆ. ಹುಡುಗಿಯ ಅಪ್ಪನ ಹೆಸರು ನಾಲ್ಕನೆಯ ಪುಟದಲ್ಲಿತ್ತು. ಮುಂದೆ ‘ಸದರ’, ಕೊನೆಗೆ ‘ಬೊಗಸಿ’. ಆ ಮಾತು ಕಂಡದ್ದೇ ನನ್ನ ಉಬ್ಬು ಮತ್ತೆ ಎದ್ದಿತು. ಅವರಿಗೆ ಸರ್ಟಿಫಿಕೇಟಿನ ಚಿಂತೆ, ನನಗೆ ನನ್ನ ವಾಕ್ಯದ ಚಿಂತೆ.

“ನೋಡ್ರಿ ಇಲ್ಲೆ,” ಎಂದೆ. “ನಿಮ್ಮ ತಮ್ಮನ ಹೆಸರಿನ ಮುಂದ ಬೊಗಸಿ ಅಂತ ಬರದದ. ನಿಮ್ಮ ಮನಿಯಿಂದ ಸಾಲಿಗೆ ಬೊಗಸಿ ಬೊಗಸಿ ಕಾಳು ಕೊಟ್ಟೀರಿ. ನಾ ಅದನ್ನ ಪುಸ್ತಕದಾಗ ಬರದೀನಿ.” ಪ್ರೂಫಿನ ಹಾಳೆ ಎತ್ತಿ ಗಟ್ಟಿಯಾಗಿ ಓದಿಯೂ ಬಿಟ್ಟೆ.

ಅತ್ತೆ ನಕ್ಕರು. ಬಾಯಿಗೆ ಸೆರಗು ಹಿಡಿದುಕೊಂಡು, ಭುಜ ಕುಣಿಯುವಂತೆ ನಕ್ಕರು. “ಕಾಳ? ಅಕ್ಕಾರ, ನಮ್ಮ ಮನ್ಯಾಗ ಬೊಗಸಿ ಕಾಳ ಇದ್ದಿದ್ರ ನಾವ ತಿಂತಿರಲಿಲ್ಲೇನು?”

ಆಮೇಲೆ ಕೂತರು. ಬೆಂಚಿನ ಮೇಲಲ್ಲ, ಹೊಸ್ತಿಲ ಮೇಲೆ.

“ನಾನೂ ಮೂರ ವರ್ಷ ಈ ಸಾಲಿಗೆ ಬಂದಾಕಿ. ಮಗ್ಗದ ಮನ್ಯಾಗ ಮೂಲ್ಯಾಗ ಒಂದ ನೀರಿನ ಹರವಿ ಇತ್ತು, ಮ್ಯಾಲ ಒಂದ ಹಿತ್ತಾಳಿ ತಂಬಿಗಿ. ಉಳದ ಹುಡುಗೂರು ತಂಬಿಗಿ ಎದ್ದಿ ಕುಡೀತಿದ್ರು. ನಾವು ಕಟ್ಟಿ ಕೆಳಗ ನಿಂತು ಬೊಗಸಿ ಒಡ್ಡತಿದ್ವಿ. ಮಾಸ್ತರ ಮ್ಯಾಲಿಂದ ಹಾಕತಿದ್ರು. ಪಾಪ, ಸಾವಕಾಶ ಹಾಕತಿದ್ರು, ಮೈಮ್ಯಾಗಿನ ಅರಬಿ ತೋಯ್ಸಗೊಡತಿರಲಿಲ್ಲ.”

ನನ್ನ ಕೈಯಲ್ಲಿ ಪ್ರೂಫು ಹಾಗೆಯೇ ಇತ್ತು.

“ಅವರಿಲ್ಲದ ದಿನ ಬ್ಯಾರೆ ಮಾಸ್ತರ ಬರತಿದ್ರು,” ಎಂದು ಅವರು ಮುಂದುವರಿಸಿದರು. “ಅವರಿಗಿ ತಿಳೀಬೇಕಲ್ಲ, ಯಾರಿಗೆ ತಂಬಿಗಿ, ಯಾರಿಗೆ ಬೊಗಸಿ ಅಂತ. ಜಾತಿ ಬರಿಯೂ ಜಾಗಾದಾಗ ಎಲ್ಲಾರೂ ಮಾನವರು. ಹಂಗಾಗಿ ಇದನ್ನ ಆಚೀಕಡೆ ಬರದ್ರು.”

ನನಗೆ ಸಿಟ್ಟು ಬಂತು. ಸುಳ್ಳು ಹೇಳುವುದೇಕೆ, ಅಜ್ಜನ ಮೇಲಲ್ಲ, ಆ ಹೆಂಗಸಿನ ಮೇಲೆ ಬಂತು. “ನಮ್ಮ ಅಜ್ಜ ಅಂಥಾವರಲ್ಲ,” ಎಂದೆ. ದನಿ ಏರಿತ್ತು. “ಅವರೂ ಸಾಯೂತನಕಾ ತಂಬಿಗಿ ಮುಟ್ಟಲಿಲ್ಲ, ಬೊಗಸಿಲೇನ ಕುಡದ್ರು. ಗೊತ್ತದ ಏನು ನಿಮಗ? ನಾನ ನೀರು ಹಾಕೀನಿ ಅವರ ಕೈಗೆ.”

“ಗೊತ್ತೈತ್ರಿ,” ಎಂದರು ಅತ್ತೆ ಮೆಲ್ಲಗೆ. “ಸಾಲ್ಯಾಗೂ ಹಂಗ ಕುಡೀತಿದ್ರು, ಕಟ್ಟಿ ಇಳದು ನಮ್ಮ ಸಂಗಾಟ ನಿಂತು. ಅವಾಗ ನಮಗ ಭಾಳ ಛಲೋ ಅನಸ್ತಿತ್ತು, ಮಾಸ್ತರ ನಮ್ಮಂಗ ಕುಡೀತಾರ ಅಂತ. ದೊಡ್ಡಾಕಿ ಆದ ಮ್ಯಾಲ ವಿಚಾರ ಬಂತು. ಅವರು ತಂಬಿಗಿ ಬಿಡೂದ್ಕಿಂತ ನಮ್ಮ ಕೈಯಾಗ ತಂಬಿಗಿ ಕೊಡೂದು ಹಗರ ಇತ್ತಲ್ರಿ?”

ತಂಬಿಗೆ ಕೊಟ್ಟಿದ್ದರೆ ಉಳಿದ ಮಕ್ಕಳನ್ನು ಮನೆಯವರು ಬಿಡಿಸುತ್ತಿದ್ದರು, ಶಾಲೆ ಮುಚ್ಚುತ್ತಿತ್ತು, ಅಜ್ಜ ಏನು ಮಾಡಬೇಕಿತ್ತು ಎಂದು ಆಮೇಲೆ ಎಷ್ಟೋ ಸಲ ಮನಸ್ಸಿನಲ್ಲಿಯೇ ವಾದ ಮಾಡಿದ್ದೇನೆ. ಆ ಹೊತ್ತಿಗೆ ಒಂದೂ ಹೊಳೆಯಲಿಲ್ಲ.

“ಊರಿಗೆ ಬಂದಾಕಿ ನೀರಿಗೆ ಬರದ ಇರತಾಳೇನು ಅಂತಾರ,” ಎಂದು ಅತ್ತೆ ಮತ್ತೆ ನಕ್ಕರು. “ನಾವು ಸಾಲಿಗೆ ಬಂದ್ವಿ, ನೀರಿಗೆ ಬರಲಿಲ್ಲ.”

“ಮುಂದ ಹೆಂಗ ನಿಂತಿತು ಅದು?” ಎಂದು ಕೇಳಿದೆ. ಸಮಾಜದವರು ಒಂದು ದಿನ ಸಭೆ ಕರೆದು ನಿಲ್ಲಿಸಿರಬೇಕು, ಅಜ್ಜ ಎದ್ದು ನಿಂತು ಮಾತಾಡಿರಬೇಕು ಎಂಬ ಆಸೆ.

“ಸಾಲಿಗೆ ನಳಾ ಬಂತ್ರಿ. ನಳಕ್ಕ ಎಲ್ಲಾರೂ ಬೊಗಸಿ ಒಡ್ಡಬೇಕಲ್ಲ!”

ಹುಡುಗಿ ಇಷ್ಟು ಹೊತ್ತು ರಜಿಸ್ಟರಿನ ಮೇಲೆ ಬಗ್ಗಿ ಅಪ್ಪನ ಹೆಸರನ್ನೇ ನೋಡುತ್ತಿದ್ದಳು. “ಅಪ್ಪ ನಮಗ ಇದನ್ನ ಒಂದಿನಾನೂ ಹೇಳಿರಲಿಲ್ಲ,” ಎಂದಳು. “ನಾ ಮಾನವ ಸಾಲ್ಯಾಗ ಕಲ್ತಾಂವ ಅಂತ ಎಲ್ಲಾರ ಮುಂದ ಹೇಳತಿದ್ದ.” ಆಮೇಲೆ ಕಣ್ಣು ಎತ್ತಿ, ತಪ್ಪಿದ ಒತ್ತಕ್ಷರ ತೋರಿಸುವಾಗಿನ ಅದೇ ದನಿಯಲ್ಲಿ ಕೇಳಿದಳು: “ಅಕ್ಕಾರ, ಕಚೇರ್ಯಾಗ ಆಧಾರ ಕೇಳ್ಯಾರಲ್ರಿ. ಇದನ್ನ ಬರಕೊಟ್ರ ನಡಿಯೂದಿಲ್ಲೇನು?”

ನಾನು ಅವಳ ಮುಖ ನೋಡಿದೆ. ನಮ್ಮ ಮನೆತನದ ಮಾನ ಮುಚ್ಚುವುದು ಹೇಗೆಂದು ನಾನು ಲೆಕ್ಕ ಹಾಕುತ್ತಿದ್ದಾಗ ಆ ಹುಡುಗಿ ತನ್ನ ಅಪ್ಪನ ಅವಮಾನದಲ್ಲಿ ದಾರಿ ಹುಡುಕಿದ್ದಳು. ಹದಿನಾರು ವರ್ಷದವಳು.

ಮರುದಿನ ಹೆಡ್‌ಮಾಸ್ತರರ ಮುಂದೆ ರಜಿಸ್ಟರು ಇಟ್ಟು ಎಲ್ಲ ಹೇಳಿದೆ. ಉತಾರ ಬರೆಯುವೆ, ಶೇರಾ ಕಾಲಮು ಸಹಿತ. ‘ಬೊಗಸಿ’ ಎಂದರೆ ಈ ಶಾಲೆಯಲ್ಲಿ ಏನು ಅರ್ಥವಿತ್ತೆಂದು ಜೊತೆಗೊಂದು ಪತ್ರವನ್ನೂ ಬರೆಯುವೆ, ನೀವು ಸಹಿ ಮಾಡಬೇಕು ಎಂದೆ. ಅವರು ಆಶ್ಚರ್ಯಪಡಲಿಲ್ಲ. ಅದೇ ನನಗೆ ಆಶ್ಚರ್ಯ.

“ನಿಮಗ ಗೊತ್ತಿತ್ತು,” ಎಂದೆ.

“ನಾ ತಂಬಿಗಿಲೆ ಕುಡದಾಂವ, ಅಕ್ಕಾರ,” ಎಂದರು ಅವರು. “ಕಟ್ಟಿ ಮ್ಯಾಲ ನಿಂತು ನೋಡೀನಿ.”

“ಮತ್ತ ನಾ ಕಾಳಂತ ಬರದಾಗ ಸುಮ್ಮನ ಯಾಕ ಇದ್ರಿ?”

“ನೀವು ಅಷ್ಟು ಸಂತೋಷದಿಂದ ಬರದಿದ್ರಿ. ಓದಿದಾಗ ನನಗೂ ಅನಸ್ತು, ಹಂಗ ಇದ್ದಿದ್ರ ಎಷ್ಟು ಛಲೋ ಇತ್ತು ಅಂತ.” ಮೇಜಿನ ಮೇಲಿನ ಮಸಿಯ ದೌತಿಯನ್ನು ಆ ಕಡೆ ಈ ಕಡೆ ಸರಿಸಿದರು. ಮನುಷ್ಯ ಕೆಟ್ಟವರಲ್ಲ. ನಲವತ್ತು ವರ್ಷ ಆ ಶಾಲೆಯನ್ನು ಹೊತ್ತವರು. ಕೊನೆಗೆ ಹೇಳಿದರು: “ಉತಾರ ಅಂದ್ರ ಇದ್ದದ್ದು ಇದ್ದಂಗ ಇಳಸೂದು. ಅದಕ್ಕ ಸಹಿ ಮಾಡ್ತೇನಿ, ಪತ್ರಕ್ಕೂ ಮಾಡ್ತೇನಿ. ಹುಡಿಗಿ ಸೀಟು ಹೋಗಬಾರದು. ಆದ್ರ ಪುಸ್ತಕದಾಗ ಇದು ಬ್ಯಾಡ. ಐವತ್ತು ವರ್ಷಕ್ಕ ಒಮ್ಮೆ ಹಬ್ಬಾ ಮಾಡಲಿಕ್ಕೆ ಹತ್ತೇವಿ. ನೀವು ಬರದದ್ದು ಹಂಗ ಇರಲಿ.”

ನಾನು ಹೂಂ ಎಂದೆ. ಹುಡುಗಿಗೋಸ್ಕರ ಒಪ್ಪಿದೆ ಎಂದು ಬಹಳ ವರ್ಷ ನನ್ನನ್ನು ನಾನೇ ನಂಬಿಸಿದ್ದೆ. ನಾನು ಹಟ ಹಿಡಿದಿದ್ದರೂ ಅವರು ಸಹಿ ಮಾಡುತ್ತಿದ್ದರು, ಅಂಥ ಮನುಷ್ಯ. ನನಗೆ ಅಜ್ಜನನ್ನು ಉಳಿಸಿಕೊಳ್ಳಬೇಕಿತ್ತು. ಜೊತೆಗೆ ಆ ವಾಕ್ಯವನ್ನೂ.

ಉತಾರವನ್ನು ನಾನೇ ಬರೆದೆ. ಹೆಸರು, ಹುಟ್ಟಿದ ದಿನ, ಮಾನವ, ಬೊಗಸಿ. ಪತ್ರ ಬರೆಯಲು ಅರ್ಧ ದಿನ ಹಿಡಿಯಿತು. ಇತಿಹಾಸದ ಹತ್ತು ಪುಟ ಸರಸರ ಬರೆದವಳಿಗೆ ‘ಅಸ್ಪೃಶ್ಯರೆಂದು ಬಗೆಯಲಾದ ಮಕ್ಕಳಿಗೆ ಈ ಶಾಲೆಯಲ್ಲಿ ಮೇಲಿನಿಂದ ನೀರು ಹಾಕಲಾಗುತ್ತಿತ್ತು’ ಎಂಬ ಒಂದು ಸಾಲು ಬರೆಯಲು ಕೈ ಏಳುತ್ತಿರಲಿಲ್ಲ. ‘ಹಾಕಲಾಗುತ್ತಿತ್ತು’ ಎಂದು ಬರೆದು, ಹೊಡೆದು, ‘ನನ್ನ ಅಜ್ಜ ಹಾಕುತ್ತಿದ್ದರು’ ಎಂದು ಬರೆದೆ.

ಶುಕ್ರವಾರ ಮೂವರೂ ಮಾಮಲೇದಾರ ಕಚೇರಿಗೆ ಹೋದೆವು. ಅಲ್ಲಿಯ ಶಿರಸ್ತೇದಾರರು ಸವದತ್ತಿ ಕಡೆಯವರು, ನಿವೃತ್ತಿಗೆ ಬಂದವರು. ಉತಾರದ ಮೇಲೆ ಬೆರಳು ಓಡಿಸುತ್ತ ಬಂದು ಕೊನೆಯ ಕಾಲಮಿನಲ್ಲಿ ನಿಲ್ಲಿಸಿದರು. ನಾನು ಪತ್ರ ಮುಂದೆ ಚಾಚಿ ಅರ್ಥ ಹೇಳಹೋದೆ.

“ಬ್ಯಾಡ್ರಿ, ತಿಳೀತು,” ಎಂದರು. ಪತ್ರ ಬಿಚ್ಚಲೇ ಇಲ್ಲ. ಕೇರಿಯ ಇಬ್ಬರು ಹಿರಿಯರ ಹೇಳಿಕೆ ಬರೆಸಿಕೊಂಡು, ಶನಿವಾರ ಮಧ್ಯಾಹ್ನಕ್ಕೆ ಸರ್ಟಿಫಿಕೇಟು ಕೊಟ್ಟರು.

ಅಂದರೆ ಆ ಮಾತು ಅತ್ತೆಗೆ ಗೊತ್ತಿತ್ತು, ಹೆಡ್‌ಮಾಸ್ತರರಿಗೆ ಗೊತ್ತಿತ್ತು, ಯಾವುದೋ ಊರಿನ ಶಿರಸ್ತೇದಾರರಿಗೂ ಗೊತ್ತಿತ್ತು. ನಮ್ಮ ಕಡೆ ಒಂದು ವಯಸ್ಸು ದಾಟಿದವರು ಯಾರೂ ಅದನ್ನು ಕಾಳು ಎಂದು ಓದುತ್ತಿರಲಿಲ್ಲ. ಕನ್ನಡ ಕಲಿಸುವವಳು ನಾನು, ನನಗಷ್ಟೇ ಗೊತ್ತಿರಲಿಲ್ಲ. ಜಾತಿಯೇ ಇಲ್ಲದ ಮನೆ ಎಂದು ಹೆಮ್ಮೆಪಡುತ್ತ ಬೆಳೆದವರು ಮಾತ್ರ ಮಾಡಬಹುದಾದ ತಪ್ಪು ಅದು.

ಸೋಮವಾರ ಹುಡುಗಿ ಧಾರವಾಡಕ್ಕೆ ಹೋದಳು, ಸೀಟು ಸಿಕ್ಕಿತು. ಅದೇ ವಾರ ನಾನು ಸವದತ್ತಿಯಲ್ಲಿ ಬಸ್ಸು ಬದಲಿಸಿ ಬೈಲಹೊಂಗಲಕ್ಕೆ ಹೋಗಿ ಕೊನೆಯ ಪ್ರೂಫು ಕೊಟ್ಟೆ. ಅಚ್ಚಿನ ಮೊಳೆ ಜೋಡಿಸುವವರು ಹಾಳೆ ತಿರುವುತ್ತ, “ಇಪ್ಪತ್ತೊಂದನೇ ಪುಟದಾಗ ಪೆನ್ಸಿಲ್ ಗೆರಿ ಐತ್ರಿ. ತಗೀಬೇಕೇನು?” ಎಂದು ಕೇಳಿದರು. ಗೆರೆ ಎಳೆದವಳು ನಾನೇ, ಅತ್ತೆ ಬಂದು ಹೋದ ಮಂಗಳವಾರ ಸಂಜೆ.

“ಇಲ್ಲ, ಇರಲಿ,” ಎಂದೆ.

ಮಹೋತ್ಸವ ಜೋರಾಗಿಯೇ ಆಯಿತು. ಕಿತ್ತೂರಿನ ಕಡೆಯಿಂದ ಬಂದ ಮುಖ್ಯ ಅತಿಥಿಗಳು ಪುಸ್ತಕವನ್ನು ಅಲ್ಲಿಯೇ ತಿರುವಿ ಹಾಕಿ, ಹುಡುಕಿ ಹುಡುಕಿ ಅದೇ ವಾಕ್ಯ ಓದಿದರು. “ಇದ್ದವರು ಮುಷ್ಟಿ ಕೊಟ್ಟರು, ಇಲ್ಲದವರು ಬೊಗಸೆ ಕೊಟ್ಟರು!” ಚಪ್ಪಾಳೆ. ಹೆಂಗಸರ ಸಾಲಿನ ಕೊನೆಯಲ್ಲಿ ಅತ್ತೆ ಕೂತಿದ್ದರು. ಅವರೂ ಚಪ್ಪಾಳೆ ತಟ್ಟಿದರು, ನನ್ನನ್ನೇ ನೋಡುತ್ತ. ಆ ವರ್ಷದಿಂದ ಪಾಲಕರು ವಾರ್ಷಿಕೋತ್ಸವಕ್ಕೆ ಒಂದೊಂದು ಬೊಗಸೆ ಜೋಳ ತಂದು ಶಾಲೆಗೆ ಸುರಿಯುವ ಪದ್ಧತಿ ಬಿತ್ತು. ನಾನು ನಿವೃತ್ತಳಾಗುವವರೆಗೂ ನಡೆದಿತ್ತು. ನನ್ನ ತಪ್ಪು ನನ್ನ ಕಣ್ಣೆದುರೇ ಹಬ್ಬವಾಗಿ ಬೆಳೆಯಿತು, ನಾನು ನಿಂತು ನೋಡಿದೆ.

ಮಹೋತ್ಸವದ ದಿನವೇ, ಸಭೆ ಮುಗಿದ ಮೇಲೆ, ಅತ್ತೆ ನಮ್ಮ ಮನೆಗೆ ಬಂದರು. ಜೊತೆಗೆ ಧಾರವಾಡದಿಂದ ಬಂದಿದ್ದ ಹುಡುಗಿ, ಕೈಯಲ್ಲಿ ಪೇಢೆಯ ಪೊಟ್ಟಣ. ನಡುಮಧ್ಯಾಹ್ನದ ಬಿಸಿಲು. ಅತ್ತೆ ಹಿತ್ತಲ ಕಡೆಯ ಬಾಗಿಲಿಂದ ಬರಲಿಲ್ಲ, ಮುಂಬಾಗಿಲಿಂದಲೇ ಬಂದು ಪಡಸಾಲೆಯಲ್ಲಿ ಕುರ್ಚಿಯ ಮೇಲೆ ಕೂತರು. ಅದನ್ನು ನಾನು ಗಮನಿಸಿದೆ ಎಂಬುದನ್ನೂ ಬರೆದುಬಿಡುತ್ತೇನೆ.

“ನಮ್ಮಪ್ಪ ಸಾಲಿಗೆ ಯಾವಾಗ ಕಾಳು ಕೊಟ್ಟಾ ಅಂತ ವಿಚಾರ ಮಾಡಾಕತ್ತೇನ್ರಿ,” ಎಂದರು.

ನಾನು ತಲೆ ತಗ್ಗಿಸಿದೆ.

“ಇರಲಿ. ಭಾಷಣಾ ಕೇಳಿ ಕೇಳಿ ಗಂಟಲ ಒಣಗೇತಿ. ಒಂದೀಟ ನೀರು ಕೊಡ್ರಿ.”

ಒಳಗೆ ಹೋಗಿ ತಂಬಿಗೆ ತುಂಬಿ ತಂದೆ. ಅವರ ಎದುರು ಬಂದು ನಿಂತೆ. ಅವರು ಕೂತೇ ಇದ್ದರು, ಬಲಗೈ ಮುಂದೆ ಚಾಚಿದ್ದರು. ಒಂದೇ ಕೈ. ಆಗ ನೋಡಿಕೊಂಡೆ, ನನ್ನ ಕೈ ತಾನಾಗಿಯೇ ಮೇಲೆ ಹೋಗಿತ್ತು. ತಂಬಿಗೆ ಬಾಗಿತ್ತು, ನೀರು ಅಂಚಿಗೆ ಬಂದಿತ್ತು. ಇನ್ನೊಂದು ಕೂದಲೆಳೆ ಬಾಗಿದ್ದರೆ ಧಾರೆ ಬೀಳುತ್ತಿತ್ತು. ಅಳತೆ ತಪ್ಪದ ಧಾರೆ, ಆರನೆಯ ವಯಸ್ಸಿನಲ್ಲಿ ಕಲಿತದ್ದು. ಅಜ್ಜನಿಗೆ ಹಾಕಿದ ರೂಢಿ ಎಂದು ಹೇಳಿಕೊಳ್ಳಬಹುದು. ಹಾಗಾದರೆ ಅವತ್ತು ಬೆಳಿಗ್ಗೆ ಅದೇ ತಂಬಿಗೆಯಲ್ಲಿ, ನಮ್ಮ ಮನೆಗೆ ಫಲಾಹಾರಕ್ಕೆ ಬಂದಿದ್ದ ಮುಖ್ಯ ಅತಿಥಿಗಳಿಗೆ ನೀರು ಕೊಡುವಾಗ ಆ ರೂಢಿ ಎಲ್ಲಿ ಹೋಗಿತ್ತು?

ಹುಡುಗಿ ನೋಡುತ್ತಿದ್ದಳು. ಅತ್ತೆ ಕೈ ಹಿಂದೆ ತೆಗೆಯಲಿಲ್ಲ, ಎರಡನೆಯ ಕೈ ಜೋಡಿಸಲೂ ಇಲ್ಲ.

“ಕೈಯಾಗ ಕೊಡ್ರಿ, ಅಕ್ಕಾರ,” ಎಂದರು.

ಕೊಟ್ಟೆ. ತುಸು ನೀರು ಅವರ ಸೀರೆಯ ಮೇಲೆ ಚೆಲ್ಲಿತು. ಅವರು ತಂಬಿಗೆಯ ಅಂಚಿಗೆ ತುಟಿ ಹಚ್ಚಿ, ಎಲ್ಲಿಯೂ ನಿಲ್ಲಿಸದೆ, ಪೂರ್ತಿ ಕುಡಿದರು. ಆಮೇಲೆ ತಂಬಿಗೆಯನ್ನು ನನ್ನ ಕೈಗೆ ಕೊಟ್ಟು ಹುಡುಗಿಯ ಕಡೆ ತೋರಿಸಿದರು.

“ಆಕಿಗೂ ತರ್ರಿ.”